ಪಟ್ಟಿ ತುಂಬುವವರೆಗೆ

ಜೂನ್ ೮, ಭಾನುವಾರ

ಕೋರ್ಟಿನಲ್ಲಿ ದಿನವಿಡೀ ಬೇರೆಯವರ ಮಾತು ಟೈಪು ಮಾಡುವವಳಿಗೆ ಮನೆಗೆ ಬಂದ ಮೇಲೂ ಬರೆಯಬೇಕೆನಿಸುವುದು ವಿಚಿತ್ರವೇ. ಈ ಮನೆಯಲ್ಲಿ ಈಗ ಸದ್ದು ಕಡಿಮೆ. ಅತ್ತೆಯ ಮಾತು ಹಿತ್ತಿಲ ಕೋಳಿಗಳ ಸದ್ದಿನ ಹಾಗೆ ಇದ್ದೇ ಇರುತ್ತದೆ. ಇದೆ ಎನ್ನುವುದು ನಿಂತಾಗಲೇ ಗೊತ್ತಾಗುವುದು.

ಯುಗಾದಿ ಕಳೆದ ವಾರ ನನ್ನ ಗಂಡ ಮಹೇಂದ್ರರಿಗೆ ಸ್ಟ್ರೋಕ್ ಆಯಿತು. ಕಾಲು ಉಳಿಯಿತು. ಬಲಗೈ, ಮಾತು ಎರಡೂ ಹೋದವು. ನಾವು ಹೇಳುವುದೆಲ್ಲ ಅವರಿಗೆ ಅರ್ಥವಾಗುತ್ತದೆ. ಪದಗಳು ಒಳಗೆ ಹಾಗೇ ಇವೆ, ಹೊರಗೆ ಬರುವ ದಾರಿ ಕೆಟ್ಟಿದೆ ಎಂದು ಮೈಸೂರಿನ ಡಾಕ್ಟರು ವಿವರಿಸಿದರು. ಮೊದಲ ತಿಂಗಳುಗಳಲ್ಲಿ ಎಷ್ಟು ಪ್ರಯತ್ನಪಟ್ಟರೆ ಅಷ್ಟು ವಾಪಸು ಬರುತ್ತದೆಯಂತೆ. ಪ್ರಯತ್ನ ಬಿಟ್ಟರೆ ಅಲ್ಲಿಗೇ ನಿಲ್ಲುತ್ತದೆಯಂತೆ.

ಮೇ ತಿಂಗಳಲ್ಲಿ ಪ್ರಯತ್ನಪಡುತ್ತಿದ್ದರು. ‘ಅ’ ಎನ್ನುವರು, ‘ಬ’ ಎನ್ನುವರು, ಹಣೆಯಲ್ಲಿ ಬೆವರು ಬರುವುದು. ಈಗ ಕೆಲವು ದಿನಗಳಿಂದ ಅದೂ ಇಲ್ಲ.

ನನಗೆ ಅದರಿಂದ ದೊಡ್ಡ ತೊಂದರೆಯೇನಿಲ್ಲ. ಇಷ್ಟು ವರ್ಷ ಜೊತೆಗಿದ್ದವರಿಗೆ ಏನು ಬೇಕು ಎಂದು ತಿಳಿಯಲು ಮಾತೇ ಆಗಬೇಕೆಂದಿಲ್ಲ. ಇವತ್ತು ಬೆಳಿಗ್ಗೆ ಉಪ್ಪಿಟ್ಟು ಬೇಡ ಎಂದರು. ಪೇಪರ್ ಕೇಳಿದರು. ಫ್ಯಾನ್ ಜಾಸ್ತಿ ಮಾಡು ಎಂದರು.

‘ಎಂದರು’ ಎಂದು ಬರೆದುಬಿಟ್ಟಿದ್ದೇನೆ. ಕಚೇರಿಯ ಅಭ್ಯಾಸ.

ಜೂನ್ ೧೩, ಶುಕ್ರವಾರ

ಕೈಗೆ ವ್ಯಾಯಾಮವೆಂದು ರಬ್ಬರ್ ಚೆಂಡು ಕೊಟ್ಟಿದ್ದಾರೆ. ತೂತುಗಳಿರುವ ಒಂದು ಹಲಗೆಯೂ ಇದೆ, ಅದಕ್ಕೆ ಬಣ್ಣದ ಕಡ್ಡಿಗಳನ್ನು ಸಿಕ್ಕಿಸಬೇಕು. ಮಹೇಂದ್ರ ಎರಡನ್ನೂ ಮುಟ್ಟುವುದಿಲ್ಲ. ಅಂಗನವಾಡಿ ಸಾಮಾನು ಅನ್ನಿಸಿರಬೇಕು.

ಮೊನ್ನೆಯಿಂದ ಎಡಗೈಯೆತ್ತಿ ಬೀರುವಿನ ಕಡೆ ತೋರಿಸುತ್ತಿದ್ದಾರೆ. ನಾನು ಬಾಗಿಲು ತೆಗೆದು ಒಂದೊಂದೇ ಕೇಳಿದೆ. ಪಂಚೆಯಾ? ಸ್ವೆಟರಾ? ಪಾಸ್‌ಬುಕ್ಕಾ? ಮಗಳು ರೂಪಶ್ರೀಯ ಮದುವೆ ಆಲ್ಬಮ್ಮಾ? ಒಂದೊಂದಕ್ಕೂ ಅವರ ತುಟಿ ಅಲುಗುವುದು. ಅಷ್ಟರಲ್ಲಿ ನನಗೆ ಮುಂದಿನದು ಹೊಳೆಯುವುದು. ಕೊನೆಗೆ ಕೈ ಇಳಿಸಿ ಗೋಡೆಯ ಕಡೆ ಹೊರಳಿದರು.

ಇವತ್ತು ಅತ್ತೆ ಅವರೆಕಾಳು ಹಸನು ಮಾಡುತ್ತಿದ್ದವರು ತಲೆ ಎತ್ತದೆ ಹೇಳಿದರು: “ನೀನು ಬೀರುವಿನ್ ಒಳಗೇ ಉಡುಕ್ತಿದೀಯ ಕಣವ್ವ. ಅವ್ನು ತೋರುಸ್ತಿರೋದು ಮ್ಯಾಲಕ್ಕೆ.”

ಸ್ಟೂಲ್ ಹಾಕಿ ಹತ್ತಿದೆ. ಹಳೇ ಬೆಡ್‌ಶೀಟಿನಲ್ಲಿ ಸುತ್ತಿದ ಕಪ್ಪು ಪೆಟ್ಟಿಗೆ. ಅವರು ಮುಂಚೆ ಇಟ್ಟಿದ್ದ ಅಂಗಡಿಯದು.

ಮಹೇಂದ್ರ ಅದನ್ನು ತೊಡೆಯ ಮೇಲಿಟ್ಟುಕೊಂಡು ಧೂಳಿನ ಮೇಲೆ ಎಡಗೈ ಬೆರಳಿನಿಂದ ಒಂದು ಗೆರೆ ಎಳೆದರು.

ಜೂನ್ ೨೨, ಭಾನುವಾರ

ಅಂಗಡಿಯ ಬಗ್ಗೆ ನನಗೆ ಹೆಚ್ಚು ತಿಳಿಯದು. ಹುಣಸೂರು ಬಸ್ ಸ್ಟ್ಯಾಂಡಿನ ಹಿಂದಿನ ರಸ್ತೆಯಲ್ಲಿ ಒಂದು ಮಳಿಗೆ, ನೀಲಿ ಪರದೆ, ಒಳಗೆ ಮೂರು ಟಿವಿ, ಮೂರು ಪೆಟ್ಟಿಗೆ. ಶಾಲೆ ಬಿಟ್ಟ ಹುಡುಗರು, ಕಾಲೇಜಿನ ಹುಡುಗರು, ಪಿರಿಯಾಪಟ್ಟಣದ ಬಸ್ಸಿಗೆ ಕಾಯುವ ಹುಡುಗರು ಬಂದು ಆಡಿ ಹೋಗುತ್ತಿದ್ದರು. ಗಂಡ ವಿಡಿಯೋ ಗೇಮ್ ಅಂಗಡಿ ಇಟ್ಟಿದ್ದಾರೆ ಎಂದು ಕಚೇರಿಯಲ್ಲಿ ಹೇಳಿಕೊಳ್ಳುವಂತಿರಲಿಲ್ಲ. ಎಲೆಕ್ಟ್ರಾನಿಕ್ಸ್ ಎನ್ನುತ್ತಿದ್ದೆ. ಊಟದ ಡಬ್ಬಿ ಕೊಡಲು ಹೋದಾಗಲೂ ಪರದೆಯ ಈಚೆಗೇ ನಿಲ್ಲುತ್ತಿದ್ದೆ. ಆಮೇಲೆ ಎಲ್ಲರ ಕೈಗೂ ಮೊಬೈಲು ಬಂತು, ಅಂಗಡಿಯಲ್ಲಿ ಮೊಬೈಲಿನ ಕವರುಗಳು ನೇತಾಡಿದವು. ಎರಡು ಪೆಟ್ಟಿಗೆ ಮಾರಿದರು. ಇದೊಂದನ್ನು ಮಾರಲಿಲ್ಲ. ಯಾಕೆಂದು ನಾನು ಕೇಳಿರಲಿಲ್ಲ.

ಇವತ್ತು ಟಿವಿಗೆ ಜೋಡಿಸಿದೆ. ಕೆಂಪು ದೀಪ ಹಸಿರಾಯಿತು. ಒಳಗಿನಿಂದ ಟಕ್, ಟಕ್ ಎಂದು ಹಲ್ಲಿ ಲೊಚಗುಟ್ಟಿದಂಥ ಸದ್ದು. ಪರದೆ ಕಪ್ಪಾಗಿಯೇ ಉಳಿಯಿತು. ಡಿಸ್ಕ್ ಹಾಕುವ ತಟ್ಟೆಯೂ ಅರ್ಧ ಬಂದು ನಿಂತಿತು.

ಮಹೇಂದ್ರ ಬಹಳ ಹೊತ್ತು ಆ ಸದ್ದು ಕೇಳುತ್ತಾ ಕೂತರು. ಆಮೇಲೆ ತಾವೇ ಎಡಗೈಯಿಂದ ಆರಿಸಿದರು.

ಅವರ ಫೋನಿನಲ್ಲಿ ‘ಮಹೇಶ್ ಕೋಟೆ’ ಎಂಬ ಹೆಸರನ್ನು ತೋರಿಸಿದರು. ಇದೊಂದು ನನಗೆ ಮೊದಲ ಸಲಕ್ಕೇ ತಿಳಿಯಿತು.

ಜುಲೈ ೬, ಭಾನುವಾರ

ಮಹೇಶ್‌ಕುಮಾರ್ ಬಂದಿದ್ದ. ಇಲ್ಲಿ ಕಾಲೇಜು ಓದುವಾಗ ದಿನವೂ ಅಂಗಡಿಗೆ ಬರುತ್ತಿದ್ದ ಹುಡುಗ. ಈಗ ಎಚ್.ಡಿ. ಕೋಟೆಯಲ್ಲಿ ಟಿವಿ, ಸಿಸಿಟಿವಿ ರಿಪೇರಿ ಅಂಗಡಿ ಇಟ್ಟಿದ್ದಾನೆ. ಬೀಚನಹಳ್ಳಿ ಕಡೆಯ ರೆಸಾರ್ಟುಗಳ ಕೆಲಸವೂ ಸಿಗುತ್ತದೆಯಂತೆ. ಹೊಟ್ಟೆ ಬಂದಿದೆ, ಮಾತು ಬಹಳ. ನಡುನಡುವೆ ಕೆಲವು ಅಕ್ಷರಗಳ ಮೇಲೆ ಮಾತ್ರ ಸಿಕ್ಕಿಕೊಳ್ಳುತ್ತಾನೆ, ಸೈಕಲ್ಲಿನ ಚೈನು ಬಿದ್ದ ಹಾಗೆ. ಆಗ ನಾನು ಪದ ಎತ್ತಿಕೊಡುತ್ತಿದ್ದೆ. ‘ಕ, ಕ’ ಎಂದರೆ ‘ಕನೆಕ್ಷನ್ನಾ?’ ಎನ್ನುತ್ತಿದ್ದೆ. ಹೌದು ಎನ್ನುತ್ತಿದ್ದ. ಒಂದೆರಡು ಸಲ ತಡೆದು ಹೌದು ಎಂದ.

ಪೆಟ್ಟಿಗೆಯ ಹಿಂಭಾಗ ಬಿಚ್ಚಿ ಹಳೆಯ ಹಾರ್ಡ್ ಡಿಸ್ಕನ್ನು ಎಳೆದು ತೆಗೆದ. ಇಟ್ಟಿಗೆ ಚೂರಿನಷ್ಟು ಭಾರ. ಆ ಕಾಲದಲ್ಲೇ ಮಹೇಂದ್ರ ಆಟಗಳನ್ನೆಲ್ಲ ಇದಕ್ಕೆ ತುಂಬಿಸಿದ್ದರಂತೆ. ಹುಡುಗರು ಕೈಯಲ್ಲಿ ಹಿಡಿದು ಹಿಡಿದು ಡಿಸ್ಕುಗಳು ಗೀಚಿಹೋಗುತ್ತಿದ್ದವಲ್ಲ.

“ಪೆಟ್ಗೆ ಸತ್ತಿಲ್ಲ ಕಣಣ್ಣ,” ಎಂದ, ಮಹೇಂದ್ರರ ಮುಂದೆ ಕುಕ್ಕುರುಗಾಲಲ್ಲಿ ಕೂತು. “ನೆಪ್ಪು ಓಗೈತೆ ಅಷ್ಟೇ. ಈಗೆಲ್ಲಾ ಎಸ್‌ಎಸ್‌ಡಿ ಅಂತ ಬಂದದೆ. ಒಂದ್ ಸಣ್ಣ ಬೋರ್ಡ್ ಆಕಿ ಅದ್ನ ಕೂರ್ಸುದ್ರೆ ಇಪ್ಪತ್ ವರ್ಸ ಇಂದಿಂದೂ ಮುಂದಿಂದೂ ಒಟ್ಗೆ ಓಡ್ತವೆ.”

‘ನೆಪ್ಪು ಓಗೈತೆ’ ಎಂದು ಈ ಮನೆಯಲ್ಲಿ ಹೇಳಬಾರದಿತ್ತು ಎಂದು ತಕ್ಷಣ ಅವನಿಗೇ ಹೊಳೆದಿರಬೇಕು. ಕಿವಿ ಕೆಂಪಾಯಿತು. ಮಹೇಂದ್ರರ ಮುಖದ ಎಡಭಾಗ ನಕ್ಕಿತು. ನಗು ಅಂದರೆ ನಗುವೇ. ಸ್ಟ್ರೋಕ್ ಆದ ಮೇಲೆ ಮೊದಲನೆಯದು.

ಜುಲೈ ೨೦, ಭಾನುವಾರ

ಹಳೇ ಹಾರ್ಡ್ ಡಿಸ್ಕಿನ ಜಾಗಕ್ಕೆ ಹೊಸ ಡ್ರೈವ್ ಬಂತು. ಇಸ್ಪೀಟು ಕಟ್ಟಿಗಿಂತ ತೆಳು, ತೂಕವೇ ಇಲ್ಲ. ಒಳಗೆ ತಿರುಗುವಂಥದ್ದು ಏನೂ ಇಲ್ಲವಂತೆ. ಮಹೇಶ ಚಹಾ ಕುಡಿಯಲು ಎದ್ದು ಹೋಗಿ ಬರುವಷ್ಟರಲ್ಲಿ ಅತ್ತೆ ಅದಕ್ಕೆ ಅರಿಶಿನ, ಕುಂಕುಮ ಹಚ್ಚಿ, ಮೇಲೊಂದು ದಾಸವಾಳ ಇಟ್ಟಿದ್ದರು. ಹೊಸ ಸಾಮಾನು ಮನೆಗೆ ಬಂದರೆ ಹಾಗೇ ತಾನೇ? ಪಿನ್ನುಗಳ ಸಂದಿಗೂ ಕುಂಕುಮ ಹೋಗಿತ್ತು. ಮಹೇಶ ಹಲ್ಲುಜ್ಜುವ ಹಳೇ ಬ್ರಷ್ಷಿನಿಂದ ಉಜ್ಜುತ್ತಾ, ರೆಸಾರ್ಟಿನವರು ಕ್ಯಾಮೆರಾಕ್ಕೆ ತೆಂಗಿನಕಾಯಿ ಒಡೆಸಿದ ಕಥೆ ಹೇಳಿದ. ಅತ್ತೆ, “ಒಡೀಬ್ಯಾಕಾದ್ದೇ ಕಣ್ಲಾ, ಕಣ್ಣಲ್ವಾ ಅದು?” ಎಂದರು.

ಆಟಗಳನ್ನು ಅವನೇ ತುಂಬಿಕೊಂಡು ಬಂದಿದ್ದ. ಹುಡುಗರು ‘ಘಾಟ್’ ಎಂದು ಕರೆಯುತ್ತಿದ್ದ ಕಾರು ರೇಸ್, ಬೆಟ್ಟದ ತಿರುವು ರಸ್ತೆಯದು. ಎಡಗೈ ಗಾಡಿಯನ್ನು ತಿರುಗಿಸುತ್ತದೆ, ಬಲಗೈ ಹೆಬ್ಬೆರಳು ಒತ್ತಿ ಹಿಡಿದರೆ ಗಾಡಿ ಓಡುತ್ತದೆ. ಕೈಗೆ ಇದಕ್ಕಿಂತ ಒಳ್ಳೆಯ ವ್ಯಾಯಾಮ ಬೇಕೇ ಎಂದು ನಾನೂ ಅಂದುಕೊಂಡೆ.

“ನೋಡಕ್ಕ, ಮೊದ್ಲು ಈ ಆಟ ತೆರ್ಕೊಳಕ್ಕೆ ಒಂದ್ ಬೀಡಿ ಸೇದ್ಬೋದಾಗಿತ್ತು. ಈಗ ನೋಡು.” ಒತ್ತಿದ. ಪರದೆಯ ಕೆಳತುದಿಯಲ್ಲಿ ಬಿಳಿ ಪಟ್ಟಿಯೊಂದು ಕಾಣಿಸಿಕೊಂಡು ಕಣ್ಣು ಮಿಟುಕಿಸುವುದರೊಳಗೆ ತುಂಬಿಹೋಯಿತು. ಅಷ್ಟು ಹಳೆಯ ಪೆಟ್ಟಿಗೆಗೆ ಅಷ್ಟು ಚುರುಕು! ನನಗೆ ಸಂತೋಷವೇ ಆಯಿತು.

ಆಡುವ ಗುಂಡಿಗಳಿರುವ ಹಿಡಿಕೆ ಮಹೇಂದ್ರರ ಕೈಗೆ ಬಂತು. ಅವರು ಎಡಗೈಯಿಂದ ಒತ್ತಿ ಆಟ ಹಾಕಿದರು. ಆಮೇಲೆ ಎಡಗೈಯಿಂದಲೇ ತಮ್ಮ ಬಲಗೈಯನ್ನು ಎತ್ತಿ ಹಿಡಿಕೆಯ ಮೇಲಿಟ್ಟುಕೊಂಡು ಬೆರಳುಗಳನ್ನು ಒಂದೊಂದಾಗಿ ಮಡಿಸತೊಡಗಿದರು. ಎರಡನೆಯ ಬೆರಳಿಗೆ ಬರುವಾಗಲೇ ಪರದೆಯ ಮೇಲೆ ಮೂರು, ಎರಡು, ಒಂದು ಎಣಿಕೆ ಮುಗಿದಿತ್ತು. ಗಾಡಿಗಳೆಲ್ಲ ಹೊರಟವು. ಅವರದು ಗೆರೆಯ ಮೇಲೆ ನಿಂತಿತ್ತು.

ಮತ್ತೆ ಮಾಡಿದರು. ಮತ್ತೆ ಹಾಗೇ. ಮೂರನೆಯ ಸಲ ಹಿಡಿಕೆಯನ್ನು ದಿವಾನದ ಮೇಲಿಟ್ಟು ಎದ್ದು ಹೋಗಿ ಮಲಗಿದರು.

ಮಹೇಶ ನನ್ನ ಮುಖ ನೋಡಿದ. ಅವರಿಗೆ ಸುಸ್ತು ಎಂದೆ.

ಜುಲೈ ೨೯, ಮಂಗಳವಾರ

ಪೆಟ್ಟಿಗೆ ಟಿವಿಯ ಪಕ್ಕದಲ್ಲಿದೆ. ದಾಸವಾಳ ಒಣಗಿದೆ.

ಆಗಸ್ಟ್ ೩, ಭಾನುವಾರ

ಒಂದು ಉಪಾಯ ಹೊಳೆಯಿತು. ಆಟವನ್ನು ನಡುವೆ ನಿಲ್ಲಿಸುವ ಗುಂಡಿಯೊಂದಿದೆ. ಶುರುವಾದ ತಕ್ಷಣ ನಾನು ನಿಲ್ಲಿಸುವುದು, ಅವರ ಬೆರಳುಗಳನ್ನು ನಾನೇ ಸರಿಯಾಗಿ ಜೋಡಿಸುವುದು, ಮತ್ತೆ ಬಿಡುವುದು. ಹಾಗೇ ಮಾಡಿದೆ. ನಾಲ್ಕು ಬೆರಳು, ಒಂದು ಹೆಬ್ಬೆರಳು, ಅನ್ನ ಕಲಸಿ ತುತ್ತು ಮಾಡಿಟ್ಟ ಹಾಗೆ ಅಚ್ಚುಕಟ್ಟಾಗಿ.

ಅವರು ಕೈಯನ್ನು ಹಿಂದಕ್ಕೆ ಎಳೆದುಕೊಂಡರು. ಬಲಗೈಯನ್ನು. ಅದಕ್ಕೆ ಅಷ್ಟು ಬಲವಿದೆಯೆಂದು ನನಗೆ ಗೊತ್ತಿರಲಿಲ್ಲ.

ಸಂಜೆಯವರೆಗೂ ನನ್ನ ಕಡೆ ನೋಡಲಿಲ್ಲ. ಹೊರಗೆ ಕೂತು ರಸ್ತೆ ನೋಡುತ್ತಿದ್ದರು. ಅವರಿಗೆ ಏನು ಬೇಸರ ಎಂದು ಬರೆಯಲು ಹೊರಟೆ. ಸರಿಯಾಗಿ ಗೊತ್ತಿಲ್ಲ.

ಆಗಸ್ಟ್ ೮, ಶುಕ್ರವಾರ

ವರಮಹಾಲಕ್ಷ್ಮಿ. ಕಂಪಲಾಪುರದಿಂದ ಮೈದುನ ನೀಲಕಂಠಸ್ವಾಮಿ ಬಂದಿದ್ದರು. ಹೊಗೆಸೊಪ್ಪು ಬೇಯಿಸುವ ಕಾಲ, ಅವರ ಅಂಗಿಯಲ್ಲೇ ಆ ಬ್ಯಾರನ್ ಗೂಡಿನ ಹೊಗೆ. ಅಣ್ಣನ ಎದುರು ಕುರ್ಚಿ ಎಳೆದುಕೊಂಡು, ಕಿವುಡರಿಗೆ ಹೇಳುವಂತೆ ದೊಡ್ಡ ದನಿಯಲ್ಲಿ ಮಾತಾಡಿದರು. ಮಹೇಂದ್ರ ಏನೋ ಹೇಳಲು ತುಟಿ ಕೂಡಿಸಿದಾಗಲೆಲ್ಲ ನಾನು ಹೇಳಿದೆ: ಮಳೆ ಹೇಗಿದೆ ಅಂತ ಕೇಳ್ತಿದ್ದಾರೆ. ಸೊಪ್ಪು ಹೇಗಿದೆ ಅಂತ. ಮೈದುನ ನನಗೇ ಉತ್ತರ ಕೊಟ್ಟರು. ಕೊನೆಕೊನೆಗೆ ಅವರು ನನ್ನನ್ನೇ ನೋಡಿಕೊಂಡು ಅಣ್ಣನ ಹತ್ತಿರ ಮಾತಾಡುತ್ತಿದ್ದರು.

ಹೊಸದಾಗಿ ಬಂದ ಆಳು ಆತುರಕ್ಕೆ ಬಿದ್ದು ಮೊದಲ ದಿನವೇ ಉರಿ ಏರಿಸಿ, ಒಂದು ಬ್ಯಾರನ್ ಸೊಪ್ಪು ಪೂರ್ತಿ ಕಪ್ಪಾಯಿತಂತೆ. ಹಳದಿಗೆ ತಿರುಗುವ ಮುನ್ನ ಬಿಸಿ ಹೆಚ್ಚಿದರೆ ಹಸಿರು ಹಾಗೇ ಸುಟ್ಟುಹೋಗುತ್ತದೆ ಎಂದು ವಿವರಿಸಿದರು. ಅತ್ತೆ ಒಬ್ಬಟ್ಟು ತಟ್ಟುತ್ತಾ, “ನಮ್ ಪ್ರಮೀಳನ್ನ ಕಳುಸ್ಬ್ಯಾಡ ಕಣಪ್ಪ ನಿನ್ ಬ್ಯಾರನ್‌ಗೆ,” ಎಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ. ನಾನು ಚುರುಕು ಎಂಬುದು ಈ ಮನೆಗೆ ಬಂದಾಗಿನಿಂದ ಇರುವ ತಮಾಷೆ.

ಆಗಸ್ಟ್ ೧೮, ಸೋಮವಾರ

ರಜೆ ಹಾಕಿ ಮೈಸೂರಿಗೆ ಕರೆದುಕೊಂಡು ಹೋಗಿದ್ದೆ. ಮಾತಿನ ಚಿಕಿತ್ಸೆ ಕೊಡುವ ಹುಡುಗಿ ಚಿತ್ರಗಳನ್ನು ತೋರಿಸಿದಳು. ಹಸು, ಕೊಡೆ, ಬೀಗದಕೈ. ಮಹೇಂದ್ರ ಒಂದಕ್ಕೂ ಬಾಯಿ ತೆರೆಯಲಿಲ್ಲ. ಅವಳು ಕಾಯುತ್ತಿದ್ದಳು. ಆ ಕಾಯುವುದು ನೋಡಲು ಕಷ್ಟವಾಗಿ ನಾನು ಎರಡು ಸಲ ‘ಕೊಡೆ’ ಎಂದೆ.

ನನ್ನನ್ನು ಪಕ್ಕಕ್ಕೆ ಕರೆದು ಮೃದುವಾಗಿಯೇ ಹೇಳಿದಳು: ಮೇ ತಿಂಗಳಲ್ಲಿ ಇದ್ದದ್ದೂ ಈಗ ಇಲ್ಲ. ಅವರು ಬಿಟ್ಟುಕೊಡುತ್ತಿದ್ದಾರೆ. ಹೀಗೇ ಆದರೆ ದೀಪಾವಳಿಯ ಹೊತ್ತಿಗೆ, ಇನ್ನು ಬರುವುದಿಲ್ಲ ಎಂದು ಬರೆದುಕೊಡಬೇಕಾಗುತ್ತದೆ. ಆಮೇಲೆ ಕೇಳಿದಳು, ಮನೆಯಲ್ಲಿ ಅವರ ಪರವಾಗಿ ಯಾರು ಮಾತಾಡ್ತೀರಿ?

ನಾನು ಎಂದೆ. ಏನೂ ತೊಂದರೆಯಾಗದ ಹಾಗೆ ನೋಡಿಕೊಳ್ಳುತ್ತೇನೆ ಎಂದೆ.

ಅವಳು ತಲೆಯಾಡಿಸಿ ಏನೋ ಬರೆದುಕೊಂಡಳು. ದಿನಾ ಬಳಸಿ ಸವೆದ ಮಾತುಗಳೇ ಮೊದಲು ಬರುವುದು, ಅವರು ಮೊದಲು ಏನು ಹೇಳುತ್ತಿದ್ದರು ನೆನಪಿಸಿಕೊಳ್ಳಿ ಎಂದಳು. ಬಸ್ಸಿನಲ್ಲಿ ಬಿಳಿಕೆರೆಯವರೆಗೂ ಯೋಚಿಸಿದೆ. ನನ್ನ ಹತ್ತಿರ ಅವರು ದಿನಾ ಹೇಳುತ್ತಿದ್ದ ಮಾತು ಯಾವುದು? ನೆನಪಾದದ್ದೆಲ್ಲ ನಾನು ಅವರಿಗೆ ಹೇಳುತ್ತಿದ್ದದ್ದು.

ಆಗಸ್ಟ್ ೩೦, ಶನಿವಾರ

ಪೆಟ್ಟಿಗೆಯನ್ನು ಕೊಟ್ಟುಬಿಡಬೇಕು ಎಂದು ನಿರ್ಧರಿಸಿದ್ದೇನೆ. ಟಿವಿ ಹಾಕಿದಾಗಲೆಲ್ಲ ಮಹೇಂದ್ರರ ಕಣ್ಣು ಅದರ ಮೇಲೆ ಹೋಗಿ, ಅಲ್ಲಿಂದ ಬಲಗೈಯ ಮೇಲೆ ಬರುತ್ತದೆ. ಕಣ್ಣಿಗೆ ಬೀಳದಿದ್ದರೆ ವಾಸಿ. ಮಹೇಶನಿಗಾದರೂ ಉಪಯೋಗಕ್ಕೆ ಬರಲಿ. ನಾಳೆ ಕೋಟೆಗೆ ಹೋಗಿ ಬರುತ್ತೇನೆ.

ಅವರನ್ನು ಕೇಳಲಿಲ್ಲ. ಬೇಡ ಅನ್ನುವುದಿಲ್ಲ.

ಆಗಸ್ಟ್ ೩೧, ಭಾನುವಾರ

ಬಟ್ಟೆಯ ಚೀಲದಲ್ಲಿ ಪೆಟ್ಟಿಗೆ ತೊಡೆಯ ಮೇಲಿಟ್ಟುಕೊಂಡು ಬಸ್ಸಿನಲ್ಲಿ ಕೂತಿದ್ದೆ. ಪಕ್ಕದ ಹೆಂಗಸು, ಏನವ್ವ, ದೇವ್ರಾ, ಎಂದು ಕೇಳಿದಳು. ಅಲ್ಲ ಎಂದೆ. ಆದರೂ ಕಾಲು ತಾಗದಂತೆ ಸರಿದು ಕೂತಳು.

ಮಹೇಶನ ಅಂಗಡಿ ಚಿಕ್ಕದು, ಬಿಚ್ಚಿದ ಟಿವಿಗಳ ನಡುವೆ ಒಬ್ಬರು ಕೂರುವಷ್ಟು ಜಾಗ. ಇಟ್ಟುಕೊಳ್ಳಪ್ಪ, ಅವರಿಗೆ ಆಗಲಿಲ್ಲ, ಎಂದೆ. ಅವನು ಚೀಲದ ಬಾಯಿ ಬಿಚ್ಚಲೇ ಇಲ್ಲ. ಸ್ವಲ್ಪ ಹೊತ್ತು ಸ್ಕ್ರೂಡ್ರೈವರನ್ನು ತಿರುಗಿಸುತ್ತಿದ್ದ.

“ಅಣ್ಣನ್ ಅಂಗ್ಡೀಲಿ ಒಂದ್ ಕಾನೂನಿತ್ತು ಕಣಕ್ಕ,” ಎಂದ. “ಪಟ್ಟಿ ತುಂಬೋ ಒತ್ತು ನಮ್ದಲ್ಲ, ಅಣ್ಣಂದು.”

ಬಿಡಿಸಿ ಹೇಳಿದ. ಆಟ ತೆರೆದುಕೊಳ್ಳುವಾಗ ಆ ಬಿಳಿ ಪಟ್ಟಿ ನಿಧಾನವಾಗಿ ತುಂಬುತ್ತಿತ್ತು. ಅಷ್ಟು ಹೊತ್ತು ಬಾಡಿಗೆಯ ಲೆಕ್ಕಕ್ಕಿಲ್ಲ. ಮಹೇಂದ್ರ ನೀಲಿ ಪರದೆ ಸರಿಸಿ ಬಂದು ಬೆಂಚಿನ ತುದಿಯಲ್ಲಿ ಕೂತು, ಆಡುವ ಹುಡುಗನನ್ನು ‘ಏನ್ಲಾ ಸಮಾಚಾರ?’ ಎಂದು ಕೇಳುತ್ತಿದ್ದರು. ಕೇಳಿ ಹುಡುಗನ ಮುಖ ನೋಡುತ್ತಿರಲಿಲ್ಲ. ಪಟ್ಟಿಯನ್ನೇ ನೋಡುತ್ತಿದ್ದರು. ಹುಡುಗ ಹೇಳಿದರೆ ಹೇಳಿದ. ಇಲ್ಲದಿದ್ದರೆ ಇಬ್ಬರೂ ಪಟ್ಟಿ ನೋಡುತ್ತಿದ್ದರು. ತುಂಬಿದ ಮೇಲೆ ಎದ್ದು ಹೋಗುತ್ತಿದ್ದರು.

“ಆಗ ನಂಗೆ ಒಂದ್ ಮಾತೂ ನೆಟ್ಗೆ ಬತ್ತಿರ್ಲಿಲ್ಲ. ಕಾಲೇಜಲ್ಲಿ ಎಲ್ರೂ ನಾನ್ ಯೋಳೋ ಮುಂಚೇನೇ ಯೋಳೋರು. ಮೇಷ್ಟ್ರೂ ಅಂಗೇ. ಅಣ್ಣ ಒಬ್ರೇ ಕಣಕ್ಕ, ನಾನು ‘ಮ, ಮ’ ಅಂದ್ಕೊಂಡು ಕೂತಿದ್ರೂ ಪಟ್ಟಿ ನೋಡೋರು. ಒಂದಿನ ನಂದಿನ್ನೂ ಮುಗ್ದಿರ್ಲಿಲ್ಲ, ಪಟ್ಟಿ ತುಂಬೋಯ್ತು. ಅಣ್ಣ ಸ್ವಿಚ್ ಆರ್ಸಿ, ತಿರ್ಗಾ ಮೊದ್ಲಿಂದ ಆಕುದ್ರು.”

ಆ ದಿನ ಏನು ಹೇಳಬೇಕಾಗಿತ್ತು ಎಂದು ಕೇಳಲು ಬಾಯಿ ತೆರೆದೆ. ಕೇಳಲಿಲ್ಲ. ಹೊರಗೆ ಅಂತರಸಂತೆಯ ಬಸ್ಸು ಹಾರ್ನ್ ಹೊಡೆಯುತ್ತಾ ನಿಂತಿತ್ತು. ಅವನು “ಮ...” ಎಂದು ಸಿಕ್ಕಿಕೊಂಡ. ನನ್ನ ನಾಲಿಗೆಯ ತುದಿಗೆ ಎರಡು ಪದ ಬಂದಿದ್ದವು. ಗೋಡೆಯ ಮೇಲೆ ಬಿಚ್ಚಿಟ್ಟ ಟಿವಿಯೊಂದರ ಬೆನ್ನು ನೋಡುತ್ತಾ ಕೂತೆ.

“ಮನೆಗೆ ತಕಂಡೋಗಕ್ಕ,” ಎಂದ.

ಆಮೇಲೆ ನಾನು ಕೇಳಿದೆ. ಇದನ್ನು ನಿಧಾನ ಮಾಡಲು ಬರುತ್ತದೆಯೇ?

ಅವನು ನಕ್ಕುಬಿಟ್ಟ. “ಒಸಾ ಗಾಡಿಗೆ ಯಾರಾದ್ರೂ ಎತ್ತು ಕಟ್ತಾರಾ?” ನಕ್ಕವನು ನಿಲ್ಲಿಸಿ ಯೋಚಿಸಿದ. ಇದೆ ಎಂದ. ಕೆಲವು ಹಳೇ ಆಟಗಳು ಹೊಸ ಡ್ರೈವಿನ ವೇಗ ತಡೆಯಲಾರದೆ ನಡುವೆ ಕೆಟ್ಟು ನಿಲ್ಲುತ್ತವಂತೆ. ಅಂಥವಕ್ಕೆಂದೇ, ಹಳೆಯ ಡಿಸ್ಕು ಓದುತ್ತಿದ್ದ ವೇಗದಲ್ಲೇ ಓದು ಎಂದು ಹೇಳುವ ಒಂದು ಗುರುತು ಮೆನುವಿನಲ್ಲಿ ಇದೆಯಂತೆ. ಘಾಟ್ ಆಟಕ್ಕೆ ಅದರ ಅಗತ್ಯವಿಲ್ಲವೆಂದು ಅವನು ಹಾಕಿರಲಿಲ್ಲ.

ಅಲ್ಲೇ ಒಂದು ಟಿವಿಗೆ ಸಿಕ್ಕಿಸಿ ಗುರುತು ಹಾಕಿದ. ಇಬ್ಬರೂ ಪಟ್ಟಿ ನೋಡಿದೆವು. ತುಂಬುವುದೇ ಇಲ್ಲವೇನೋ ಅನ್ನಿಸಿತು. ನಡುವೆ ಒಂದು ಕಡೆ ನಿಂತೇಬಿಟ್ಟಿತು. “ಅಲ್ಲೇ! ಅಲ್ಲೇ ಯಾವಾಗ್ಲೂ ನಿಲ್ತಿದ್ದದ್ದು!” ಎಂದು ಮಹೇಶ ನೆಂಟರನ್ನು ಕಂಡ ಹಾಗೆ ಹೇಳಿದ.

ಸೆಪ್ಟೆಂಬರ್ ೨, ಮಂಗಳವಾರ

ಕಚೇರಿಯಿಂದ ಬಂದು ಪೆಟ್ಟಿಗೆ ಜೋಡಿಸಿ ಒಳಗೆ ಹೋದೆ. ಅಡುಗೆಮನೆಯ ಬಾಗಿಲಿನಿಂದ ಟಿವಿ ಅರ್ಧ ಕಾಣುತ್ತದೆ.

ಬಹಳ ಹೊತ್ತಿನ ಮೇಲೆ ಶಬ್ದ ಕೇಳಿಸಿತು. ಪಟ್ಟಿ ಹೊರಟಿತ್ತು. ಮಹೇಂದ್ರ ಕೈ ಮುಂದೆ ಮಾಡಲಿಲ್ಲ, ಇದೂ ಹೋದ ಸಲದಂತೆಯೇ ಅಂದುಕೊಂಡಿರಬೇಕು. ಅಥವಾ ಬೇರೇನೋ. ಪಟ್ಟಿ ಆ ಜಾಗದಲ್ಲಿ ನಿಂತಾಗ ಅವರ ಬೆನ್ನು ನೆಟ್ಟಗಾಯಿತು.

ಅದು ತುಂಬಿತು, ಗಾಡಿಗಳು ಹೋದವು. ಆರಿಸಿ ಮೊದಲಿನಿಂದ ಹಾಕಿದರು. ಈ ಸಲ ಬಲಗೈ ಎತ್ತಿ ಇಟ್ಟುಕೊಂಡರು. ಕಿರುಬೆರಳು, ಉಂಗುರಬೆರಳು. ನಡುಬೆರಳು ಜಾರಿತು. ಮತ್ತೆ ಇಟ್ಟರು. ನನ್ನ ಕೈಯಲ್ಲಿ ಸೌಟಿತ್ತು. ಸಾರು ಉಕ್ಕಿ ಒಲೆ ಆರಿತು, ಅತ್ತೆ ಬೈದರು.

ಗಾಡಿ ಗೆರೆಯಿಂದ ಹೊರಟು ಮೊದಲ ತಿರುವಿನಲ್ಲೇ ಬಂಡೆಗೆ ಗುದ್ದಿತು. ಹೊರಟಿತು ಎಂಬುದನ್ನು ಬರೆದಿಡುತ್ತೇನೆ.

ಸೆಪ್ಟೆಂಬರ್ ೧೧, ಗುರುವಾರ

ಕೋರ್ಟಿನಲ್ಲಿ ಇವತ್ತು ಒಬ್ಬ ಮುದುಕನ ಸಾಕ್ಷಿ. ಮಂಚಯ್ಯ, ಬೇಲಿಯ ತಕರಾರು. ಪ್ರಶ್ನೆ ಕೇಳಿದರೆ ಸುಮ್ಮನೆ ನಿಲ್ಲುವುದು. ಇಂಥವರ ಮುಂದಿನ ಮಾತು ನನಗೆ ಸಾಮಾನ್ಯವಾಗಿ ಮೊದಲೇ ಗೊತ್ತಿರುತ್ತದೆ, ಅರ್ಧ ವಾಕ್ಯ ಟೈಪು ಮಾಡಿ ಕಾದಿರುತ್ತೇನೆ. ಇವತ್ತು ಬೆರಳು ಏಳಲಿಲ್ಲ. ಅವನು ಹೇಳಿ ಮುಗಿಸುವವರೆಗೂ ಕೀಲಿಗಳ ಮೇಲೇ ಇದ್ದವು. ಅವನು ಹೇಳಿದ್ದು ನಾನೆಣಿಸಿದ್ದೇ ಅಲ್ಲ.

ಸಾಹೇಬರು, ಏನಮ್ಮ, ಇವತ್ತು ಹಿಂದೆ ಬಿದ್ದಿದ್ದೀರಿ ಎಂದರು. ವಯಸ್ಸಾಗುತ್ತಿದೆ. ಕನ್ನಡಕದ ನಂಬರನ್ನೂ ಪರೀಕ್ಷೆ ಮಾಡಿಸಬೇಕು.

ಸೆಪ್ಟೆಂಬರ್ ೨೧, ಭಾನುವಾರ

ಮಹಾಲಯ ಅಮಾವಾಸ್ಯೆ. ಮಾವನವರಿಗೆ ಎಡೆ ಇಟ್ಟೆವು. ಮುದ್ದೆ, ಕೋಳಿ ಸಾರು, ಒಂದು ಕಟ್ಟು ಬೀಡಿ. ಮಹೇಂದ್ರ ಎಡಗೈಯಲ್ಲಿ ಬೆಂಕಿಪೊಟ್ಟಣ ಹಿಡಿದು, ಬಲಗೈಯಲ್ಲಿ ಕಡ್ಡಿ ಗೀರಲು ನೋಡಿದರು. ಮೈದುನ ಮುಂದೆ ಬಂದರು. ಅತ್ತೆ ಅವರ ಅಂಗಿ ಹಿಡಿದು ಹಿಂದಕ್ಕೆ ಎಳೆದು, “ನಿಂತ್ಕೊಳ್ಲಾ, ನಿಮ್ಮಪ್ಪನ್ಗೇನು ಬಸ್ಸು ಓಗ್ಬುಡ್ತದಾ?” ಎಂದರು.

ಕಡ್ಡಿಗಳು ಮುರಿದವು. ಆಮೇಲೊಂದು ಹತ್ತಿತು.

ಸಂಜೆ ಘಾಟ್‌ನಲ್ಲಿ ಕೊನೆಯಿಂದ ಎರಡನೆಯವರಾಗಿ ಬಂದರು. ಕೊನೆಯ ಗಾಡಿಯವನಿಗೆ ಏನಾಯಿತು ಎಂದು ನಾನು ಯೋಚಿಸುತ್ತಿದ್ದೆ.

ಅಕ್ಟೋಬರ್ ೧, ಬುಧವಾರ

ಆಯುಧಪೂಜೆ. ಸ್ಕೂಟರು, ಮಿಕ್ಸಿ, ಕುಡುಗೋಲು, ಪೆಟ್ಟಿಗೆ. ಎಲ್ಲಕ್ಕೂ ಚೆಂಡುಹೂವು. ಪಿನ್ನುಗಳಿಗೆ ಕುಂಕುಮ ತಾಗದಂತೆ ನಾನೇ ಮೇಲೊಂದು ವಸ್ತ್ರ ಮುಚ್ಚಿದೆ.

ಮಹೇಶ ಎರಡನೆಯ ಹಿಡಿಕೆ ತಂದುಕೊಟ್ಟು ಹೋಗಿದ್ದಾನೆ. ಅತ್ತೆಗೆ ತೋರಿಸಿದ. ಅವರು ನನ್ನ ಕಡೆ ನೂಕಿದರು. ಈಗ ಪರದೆ ಎರಡು ಭಾಗವಾಗುತ್ತದೆ, ಮೇಲೆ ಅವರು, ಕೆಳಗೆ ನಾನು. ನನ್ನ ಗಾಡಿ ಸದಾ ಕಣಿವೆಗೆ ಬೀಳುತ್ತದೆ. ತಿರುವಿನಲ್ಲಿ ನಿಧಾನ ಮಾಡಬೇಕಂತೆ.

ಮಾತು ಇಲ್ಲ. ಇನ್ನೂ ಒಂದು ಪದವೂ ಇಲ್ಲ. ದೀಪಾವಳಿ ಇದೇ ತಿಂಗಳು.

ಅಕ್ಟೋಬರ್ ೭, ಮಂಗಳವಾರ

ಪಟ್ಟಿ ನಡೆಯುವಾಗ ಅವರ ಗಂಟಲಿನಲ್ಲಿ ಏನೋ ಸದ್ದಾಯಿತು. ಪಟ್ಟಿ ತುಂಬಿತು. ಆಟ ಶುರುವಾಯಿತು. ಏನೆಂದು ತಿಳಿಯಲಿಲ್ಲ. ಕೇಳಲಿಲ್ಲ.

ಅಕ್ಟೋಬರ್ ೧೩, ಸೋಮವಾರ

ಇವತ್ತಿನದನ್ನು ಆದ ಹಾಗೆ ಬರೆಯುತ್ತೇನೆ.

ಕಚೇರಿಯಿಂದ ಬರುವಾಗ ಮಳೆ. ಅತ್ತೆ ಪಕ್ಕದ ಮನೆಯಲ್ಲಿದ್ದರು. ಸೀರೆಯ ಅಂಚು ಒದ್ದೆಯಿತ್ತು, ಹಾಗೇ ಬಂದು ದಿವಾನದ ಮೇಲೆ ಕೂತೆ. ಮಹೇಂದ್ರ ಆಟ ಹಾಕಿದರು. ಪಟ್ಟಿ ಹೊರಟಿತು. ಅವರು ಬೆರಳು ಜೋಡಿಸಿಕೊಂಡರು, ಈಗ ಅದಕ್ಕೆ ಮೊದಲಿನಷ್ಟು ಹೊತ್ತು ಬೇಕಾಗುವುದಿಲ್ಲ. ಜೋಡಿಸಿ ಆದ ಮೇಲೂ ಪಟ್ಟಿ ಬಹಳ ಉಳಿದಿತ್ತು.

“ಏ...” ಎಂದರು.

ನಾನು ಪಟ್ಟಿ ನೋಡಿದೆ. ಅದು ಯಾವಾಗಲೂ ನಿಲ್ಲುವ ಜಾಗದಲ್ಲಿ ನಿಂತಿತ್ತು.

“ಏನ್...” ಎಂದರು. ಉಸಿರು ಎಳೆದುಕೊಂಡರು. ಹಿಡಿಕೆಯ ತಂತಿ ನನ್ನ ಮೊಣಕಾಲಿಗೆ ತಾಗುತ್ತಿತ್ತು. ಪಟ್ಟಿ ಮತ್ತೆ ಹೊರಟಿತು. “ಸ... ಸಮಾ...”

ನಾನು ಪಟ್ಟಿ ನೋಡುತ್ತಿದ್ದೆ.

“ಚಾರ,” ಎಂದರು.

ಇಷ್ಟು ವರ್ಷಗಳಲ್ಲಿ ನನ್ನನ್ನು ಅವರು ಇದನ್ನು ಕೇಳಿದ್ದರೋ ಇಲ್ಲವೋ. ಕೇಳಿದ್ದರೂ, ಕೇಳಿ ಮುಗಿಸುವ ಮುಂಚೆಯೇ ನಾನು ಏನಿಲ್ಲ ಎಂದಿರುತ್ತೇನೆ. ಇವತ್ತೂ ಬಾಯಿಗೆ ಬಂದದ್ದು ಅದೇ. ಏನಿಲ್ಲ ಎಂದೆ.

ಅವರು ನನ್ನ ಕಡೆ ತಿರುಗಲಿಲ್ಲ. ಪಟ್ಟಿಯನ್ನೇ ನೋಡುತ್ತಿದ್ದರು.

ನಾನು, ಇವತ್ತು ಕೋರ್ಟಿನಲ್ಲಿ, ಎಂದು ಶುರು ಮಾಡಿದೆ. ಮುಂದಕ್ಕೆ ಹೋಗಲಿಲ್ಲ. ಅದಲ್ಲ ಎಂದೆ. ಯುಗಾದಿ ಆದ ಮೇಲೆ, ಎಂದೆ. ಯಾವ ಪದ ಬೇಕೋ ಅದು ಬರಲಿಲ್ಲ, ಬಂದದ್ದು ಬೇಕಾದ್ದಾಗಿರಲಿಲ್ಲ. ಪಟ್ಟಿ ತುಂಬಿತು. ಪರದೆ ಎರಡಾಯಿತು. ಮೂರು, ಎರಡು, ಒಂದು. ಬೇರೆ ಗಾಡಿಗಳೆಲ್ಲ ಹೊರಟವು. ಮಹೇಂದ್ರರ ಹೆಬ್ಬೆರಳು ಗುಂಡಿಯ ಮೇಲೇ ಇತ್ತು, ಒತ್ತಲಿಲ್ಲ. ನಮ್ಮ ಎರಡು ಗಾಡಿಗಳು ಮೇಲೊಂದು ಕೆಳಗೊಂದು ಗೆರೆಯ ಮೇಲೆ ನಿಂತಿದ್ದವು.

ಹೋದವರು ಬೆಟ್ಟ ಸುತ್ತಿ, ಹಿಂದಿನಿಂದ ಬಂದು, ನಮ್ಮ ಪಕ್ಕದಿಂದಲೇ ಹಾದು ಮತ್ತೆ ಹೋದರು.

ನಾನಿನ್ನೂ ಹೇಳುತ್ತಿದ್ದೆ.